ಕಣ್ಣು ಒಪ್ಪಬೇಕು, ಕೈ ಒಪ್ಪಬೇಕು

ಮೊರಪ್ಪೂರಿನಲ್ಲಿ ರೈಲಿಳಿದು ಕಂಬೈನಲ್ಲೂರಿನ ಬಸ್ಸು ಹತ್ತಿದಾಗೆಲ್ಲ ಆ ಊರಿನ ಹೆಸರಿನ ಮೇಲೆ ನನ್ನ ಕಣ್ಣು ನಿಲ್ಲುತ್ತದೆ. ಧರ್ಮಪುರಿ ಜಿಲ್ಲೆಯ ಈ ಪಟ್ಟಣ ಪಂಚಾಯಿತಿಯ ಫಲಕ ತಮಿಳು, ಹೆಸರೂ ತಮಿಳು. ಆದರೆ ಆ ‘ನಲ್ಲೂರು’ ಎಂಬುದರೊಳಗೆ ಕೂತಿರುವ ‘ನಲ್’ ನಮ್ಮದೂ ಹೌದು. ತಮಿಳರು ಇವತ್ತಿಗೂ ಒಳ್ಳೆಯದಕ್ಕೆಲ್ಲ ‘ನಲ್ಲ’ ಎನ್ನುತ್ತಾರೆ: ಒಳ್ಳೆಯ ನೀರು, ಒಳ್ಳೆಯ ಹುಡುಗ, ಒಳ್ಳೆಯ ಕಾಲ. ಹಳಗನ್ನಡದಲ್ಲೂ ಒಳ್ಳೆಯದು ನಲ್ಲೇ ಆಗಿತ್ತು. ಬರಬರುತ್ತಾ ಕನ್ನಡಿಗರು ಆ ಪದವನ್ನು ಒಲವಿಗೆ ಎತ್ತಿಟ್ಟುಕೊಂಡರು. ನಲ್ಲ, ನಲ್ಲೆ, ನಲ್ಮೆ, ನಲಿವು. ಒಂದೇ ಬೇರು, ಒಂದು ಭಾಷೆಯಲ್ಲಿ ಗುಣವಾಯಿತು, ಇನ್ನೊಂದರಲ್ಲಿ ಪ್ರೀತಿಯಾಯಿತು. ಊರಿನ ಹತ್ತಿರ ಹರಿಯುವ ತೆನ್‌ಪೆಣ್ಣೈ ಹೊಳೆಯದೂ ಇದೇ ಕಥೆ. ನಂದಿಬೆಟ್ಟದ ಸೀಮೆಯಲ್ಲಿ ಹುಟ್ಟುವಾಗ ಅದು ದಕ್ಷಿಣ ಪಿನಾಕಿನಿ. ಹೊಸೂರು, ಕೃಷ್ಣಗಿರಿ ದಾಟಿ ಇಲ್ಲಿಗೆ ಬರುವ ಹೊತ್ತಿಗೆ ಹೆಸರು ಬೇರೆ, ನೀರು ಅದೇ.

ನನ್ನ ಸೋದರತ್ತೆ ಇರುವುದು ಈ ಊರಿನಲ್ಲಿ. ಮನೆಯೊಳಗೆ ಕನ್ನಡ, ಹೊಸಿಲು ದಾಟಿದರೆ ತಮಿಳು. ಸೇಲಂ, ಧರ್ಮಪುರಿ ಜಿಲ್ಲೆಗಳಲ್ಲಿ ಹೀಗೆ ಬದುಕುವ ಕನ್ನಡದ ಮನೆಗಳು ಬೇಕಾದಷ್ಟಿವೆ. ನೇಯುವ ದೇವಾಂಗರು, ಬೇಸಾಯದವರು, ಕುರಿ ಸಾಕುವವರು. ಅತ್ತೆಗೆ ಕನ್ನಡ ಓದಲು ಬರದು. ಆದರೆ ಚೆಲುವಿನ ವಿಷಯದಲ್ಲಿ ನಾನು ಕಲಿತಿರುವುದರಲ್ಲಿ ಹೆಚ್ಚಿನ ಪಾಲು ಅವರ ಬಾಯಿಂದಲೇ ಬಂದದ್ದು. ಅವರು ‘ಸೌಂದರ್ಯ’ ಎಂದದ್ದನ್ನು ನಾನು ಕೇಳಿಲ್ಲ. ಸಾರಿಗೆ ಹದ, ಹಸುವಿಗೆ ಲಕ್ಷಣ, ಹಾಡಿಗೆ ಇಂಪು, ಮಗುವಿಗೆ ಮುದ್ದು, ಮನೆಗೆ ಓರಣ, ಮಾತಿಗೆ ಸೊಗಸು. ಒಂದಕ್ಕೆ ಸಲ್ಲುವ ಪದವನ್ನು ಇನ್ನೊಂದಕ್ಕೆ ಹಾಕುತ್ತಿರಲಿಲ್ಲ. ಇವೆಲ್ಲದರ ಮೇಲೆ, ತೀರ್ಪು ಕೊಡುವಾಗ ಮಾತ್ರ ಬರುವ ಪದ ಒಂದಿತ್ತು: ಒಪ್ಪ. ‘ಒಪ್ತದೆ’ ಎಂದರೆ ಮುಗಿಯಿತು, ‘ಒಪ್ಪಲ್ಲ’ ಎಂದರೂ ಮುಗಿಯಿತು.

ಬೆಳಗಿನ ಜಾವ ಅಂಗಳ ಗುಡಿಸಿ, ಸೆಗಣಿ ನೀರು ಚಿಮುಕಿಸಿ, ಅದು ಇನ್ನೂ ಹಸಿಯಾಗಿರುವಾಗಲೇ ಅತ್ತೆ ರಂಗೋಲಿಗೆ ಕೂರುತ್ತಾರೆ. ಹೆಬ್ಬೆರಳು ತೋರುಬೆರಳಿನ ನಡುವೆ ಅಕ್ಕಿ ಹಿಟ್ಟು. ಚುಕ್ಕಿ ಇಡುವಾಗ ಮಾತಿಲ್ಲ. ನಡುವೆ ಏಳು, ಮೇಲೆ ಕೆಳಗೆ ಆರು, ಐದು, ಹೀಗೆ ಇಳಿದು ಒಂದಕ್ಕೆ ನಿಲ್ಲುತ್ತದೆ. ಆಮೇಲೆ ಎಳೆ. ಅದು ಯಾವ ಚುಕ್ಕಿಯನ್ನೂ ಮುಟ್ಟದೆ, ಯಾವುದನ್ನೂ ಬಿಡದೆ, ಸುತ್ತಿ ಬಳಸಿ ಹೊರಟ ಜಾಗಕ್ಕೇ ಬಂದು ಕೂಡಬೇಕು. ಒಂದು ದಿನ ಎಳೆ ಮೂಲೆಯಲ್ಲಿ ತಪ್ಪು ತಿರುವಿಗೆ ಬಿತ್ತು. ನನ್ನ ಕಣ್ಣಿಗೆ ಅದು ಚೆನ್ನಾಗಿಯೇ ಕಂಡಿತ್ತು. ಅತ್ತೆ ಹಿಮ್ಮಡಿಯ ಮೇಲೆ ಕೂತು ಒಂದು ಕ್ಷಣ ನೋಡಿದರು. “ಒಪ್ತಾ ಇಲ್ಲ, ನೋಡು ಕಣ್ಣು” ಎಂದರು. ಈ ಸೀಮೆಯಲ್ಲಿ ಕಿರಿಯರನ್ನು ಅಕ್ಕರೆಯಿಂದ ‘ಕಣ್ಣು’ ಎಂದೇ ಕರೆಯುವುದು. ಅಂಗೈಯಿಂದ ಮೂರು ಬೆರಳಗಲ ಅಳಿಸಿ, ಎಳೆಯನ್ನು ಇನ್ನೊಂದು ಚುಕ್ಕಿಯ ಆಚೆಯಿಂದ ತಂದರು. ಕೂಡಿತು. ಮಧ್ಯಾಹ್ನದ ಹೊತ್ತಿಗೆ ಇರುವೆಗಳು ಅರ್ಧ ತಿಂದಿದ್ದವು, ಉಳಿದದ್ದನ್ನು ಬಂದುಹೋಗುವವರ ಕಾಲುಗಳು ಒಯ್ದಿದ್ದವು. ಅತ್ತೆಗೆ ಅದರ ಬಗ್ಗೆ ಬೇಸರವಿಲ್ಲ, ಇರುವೆ ತಿನ್ನಲೆಂದೇ ಅಕ್ಕಿ ಹಿಟ್ಟು.

ಎಳೆ ಎಲ್ಲಿ ಕೂಡುತ್ತದೆ, ಎಲ್ಲಿ ಕೂಡುವುದಿಲ್ಲ ಎಂಬುದು ಗಣಿತದ ಪ್ರಶ್ನೆಯೂ ಹೌದು. ಮದ್ರಾಸ್ ಕ್ರಿಶ್ಚಿಯನ್ ಕಾಲೇಜಿನ ಗಿಫ್ಟ್ ಸಿರೋಮನಿ ಮತ್ತು ಸಂಗಡಿಗರು 1974ರಲ್ಲೇ ಕೋಲಂ, ಅಂದರೆ ತಮಿಳರ ರಂಗೋಲಿಯ ರಚನೆಗಳಿಗೂ ಕಂಪ್ಯೂಟರ್ ವಿಜ್ಞಾನದ ವ್ಯಾಕರಣಗಳಿಗೂ ಇರುವ ನಂಟನ್ನು ಕುರಿತು ಪ್ರಬಂಧ ಬರೆದರು. ಹೆಂಗಸರು ಅಂಗಳದಲ್ಲಿ ಅನುಸರಿಸುತ್ತಿದ್ದ ನಿಯಮಗಳನ್ನು ವಿದ್ವತ್ತು ತನ್ನ ಲಿಪಿಯಲ್ಲಿ ಬರೆದುಕೊಂಡ ಸಂದರ್ಭ ಅದು. ಸೇಲಂಗೆ ನೆರೆಯಾದ ಈರೋಡಿನಲ್ಲಿ 1887ರ ಡಿಸೆಂಬರ್ 22ರಂದು ಹುಟ್ಟಿದ ಗಣಿತಜ್ಞ ರಾಮಾನುಜನ್ ಕೂಡ ಇಂಥದೇ ಅಂಗಳಗಳ ಸೀಮೆಯವರು. ಮನೆತನದ ದೇವತೆ ನಾಮಕ್ಕಲ್‌ನ ನಾಮಗಿರಿ ತಾಯಾರ್, ನಾಮಕ್ಕಲ್ ಸೇಲಂನಿಂದ ಬೇರೆ ಜಿಲ್ಲೆಯಾದದ್ದು 1997ರಲ್ಲಿ. 1913ರ ಜನವರಿಯಲ್ಲಿ ಅವರು ಕೇಂಬ್ರಿಜ್‌ನ ಗಣಿತಜ್ಞ ಹಾರ್ಡಿಗೆ ಕಳಿಸಿದ ಪತ್ರದಲ್ಲಿ ಸೂತ್ರಗಳು ಸಾಲುಗಟ್ಟಿದ್ದವು, ಸಾಧಿಸಿ ತೋರಿಸಿದ್ದು ಬಹಳ ಕಡಿಮೆ. ಕೆಲವು ಸೂತ್ರಗಳನ್ನು ಕಂಡ ಹಾರ್ಡಿ, ಇವು ನಿಜವೇ ಇರಬೇಕು, ನಿಜವಲ್ಲದಿದ್ದರೆ ಇಂಥವನ್ನು ಕಟ್ಟುವಷ್ಟು ಕಲ್ಪನೆ ಯಾರಿಗೂ ಇರಲಾರದು ಎಂಬ ತೀರ್ಮಾನಕ್ಕೆ ಬಂದರು. ಲೆಕ್ಕ ಒಪ್ಪುವ ಮೊದಲೇ ಕಣ್ಣು ಒಪ್ಪಿತ್ತು. 1940ರಲ್ಲಿ ತಮ್ಮ ಬಾಳಿನ ಕೆಲಸವನ್ನು ಕುರಿತು ಬರೆದ ಚಿಕ್ಕ ಪುಸ್ತಕದಲ್ಲಿ ಹಾರ್ಡಿ ಗಣಿತಕ್ಕೆ ಮೊದಲ ಪರೀಕ್ಷೆಯೇ ಚೆಲುವು ಎಂದು ವಾದಿಸಿದರು. ಅತ್ತೆಗೆ ಇದನ್ನು ಹೇಳಿದರೆ ಹೊಸದೇನೂ ಅನ್ನಿಸುವುದಿಲ್ಲ.

ರಂಗೋಲಿಯ ಗೆರೆಗೂ ಮಗ್ಗದ ನೂಲಿಗೂ ಕನ್ನಡದಲ್ಲಿ ಒಂದೇ ಹೆಸರು, ಎಳೆ. ಮಾವ ಸೇಲಂನ ನೇಕಾರರ ಮನೆತನದವರು, ಮದುವೆಯಾದ ಮೇಲೂ ಬಹಳ ವರ್ಷ ಅಲ್ಲೇ ಮಗ್ಗದಲ್ಲಿ ಕೂತವರು. ಅವರು ನೇಯುತ್ತಿದ್ದದ್ದು ಸೇಲಂ ವೆಣ್ಪಟ್ಟು, ಅಂದರೆ ಬಿಳಿ ರೇಷ್ಮೆ ಪಂಚೆ, ಶಲ್ಯ. ಈಗ ಅದಕ್ಕೆ ಭೌಗೋಳಿಕ ಗುರುತಿನ ಮಾನ್ಯತೆಯೂ ಇದೆ. ಚಿಕ್ಕವನಾಗಿದ್ದಾಗ ನನಗೆ ಅದೊಂದು ಒಗಟು. ಪಕ್ಕದ ಮನೆಗಳಲ್ಲಿ ಕೆಂಪು, ಹಸಿರು, ಮಾವಿನಕಾಯಿ ಬುಟ್ಟಾ, ನವಿಲು. ನಮ್ಮ ಮಾವನ ಮಗ್ಗದಲ್ಲಿ ಗಜಗಟ್ಟಲೆ ಬಿಳುಪು, ಕೊನೆಯಲ್ಲಿ ಬೆರಳಗಲದ ಜರಿ ಅಂಚು. ಇದರಲ್ಲಿ ನೋಡುವುದೇನಿದೆ?

ನೋಡುವುದು ಹೇಗೆಂದು ಅವರೇ ಒಮ್ಮೆ ತೋರಿಸಿದರು. ಕುಣಿಮಗ್ಗದಿಂದ ಮೇಲೆದ್ದು, ನೇಯ್ದ ಬಟ್ಟೆಯನ್ನು ಕಿಟಕಿಯ ಬೆಳಕಿಗೆ ಓರೆಯಾಗಿ ಹಿಡಿದರು. ನೇರವಾಗಿ ನೋಡಿದರೆ ಬರಿ ಬಿಳಿ. ಓರೆಯಾಗಿ ಹಿಡಿದಾಗ ನಡುವೆ ಕೂದಲೆಳೆಯಷ್ಟು ತೆಳುವಾದ ಒಂದು ಅಡ್ಡಗೆರೆ ಕಾಣಿಸಿತು. ಹೊಕ್ಕಿನ ನೂಲನ್ನು ಬಡಿದು ಕೂರಿಸುವ ಹಲಗೆಯ ಏಟು ಅಲ್ಲಿ ಒಂದಿಷ್ಟು ಹಗುರವಾಗಿತ್ತು. ಊಟಕ್ಕೆ ಎದ್ದು ಹೋಗಿ ಬಂದು ಮತ್ತೆ ಕೂತ ಜಾಗ ಅದು. “ಬಣ್ಣದ ಸೀರೇಲಿ ತಪ್ಪು ಬುಟ್ಟಾದ ಹಿಂದೆ ಕೂರ್ತದೆ. ಬಿಳೀದ್ರಲ್ಲಿ ಎಲ್ಲಿ ಕೂರ್ತದೆ?” ಎಂದರು. ಅಂಗೈಯನ್ನು ಮಗುಚಿ, ಕೈಯ ಹಿಂಬದಿಯಿಂದ ಬಟ್ಟೆಯನ್ನು ಸವರಿ ನೋಡುವುದು ಅವರ ರೂಢಿ. ಮಗ್ಗ ಎಳೆದು ಎಳೆದು ಅಂಗೈ ಗಡುಸಾಗಿರುತ್ತದೆ, ಹಿಂಬದಿಯ ಚರ್ಮ ಸುಳ್ಳು ಹೇಳುವುದಿಲ್ಲ ಎಂಬುದು ಅವರ ಲೆಕ್ಕ. ಅಂದಿನಿಂದ ನನಗೆ ಬಿಳಿ ಪಂಚೆಯೆಂದರೆ ಬರಿಯ ಬಿಳುಪಲ್ಲ. ಹಾಸಿನ ಸಾವಿರಾರು ಎಳೆಗಳ ಮೇಲೆ ಒಬ್ಬ ಮನುಷ್ಯ ಬೆಳಗಿನಿಂದ ಸಂಜೆಯವರೆಗೆ ಒಂದೇ ತೂಕದಲ್ಲಿ ಇಟ್ಟ ಏಟುಗಳ ಸಾಲು ಅದು. ಅಷ್ಟೂ ಹೊತ್ತು ಮನಸ್ಸು ಹದದಲ್ಲಿರಬೇಕು. ಅಲಂಕಾರವನ್ನೆಲ್ಲ ತೆಗೆದ ಮೇಲೂ ಉಳಿಯುವುದು ಯಾವುದೋ ಅದೇ ಚೆಲುವು ಎಂದು ನಾನು ನಂಬಿದ್ದು ಆ ಕಿಟಕಿಯ ಪಕ್ಕದಲ್ಲಿ.

ಅಲಂಕಾರ ಬೇಡವೆಂದಲ್ಲ. ನಮ್ಮ ಇಳಕಲ್ಲಿನ ಸೀರೆಯಲ್ಲಿ ಒಡಲಿನ ಹಾಸು ಬೇರೆ, ಸೆರಗಿನ ಹಾಸು ಬೇರೆ. ಎರಡರ ಎಳೆಗಳನ್ನೂ ಒಂದೊಂದಾಗಿ ಕುಣಿಕೆ ಹಾಕಿ ಕೂಡಿಸುವುದಕ್ಕೆ ಕೊಂಡಿ ಎನ್ನುತ್ತಾರೆ. ಸೆರಗಿನ ಕೆಂಪು ಎದ್ದು ಕಾಣುವುದು ಬಣ್ಣದಿಂದ, ಅದು ಒಡಲಿಗೆ ಒಪ್ಪುವುದು ಕಣ್ಣಿಗೆ ಬೀಳದ ಆ ಕೊಂಡಿಯಿಂದ. ಕಾಶ್ಮೀರದ ಕ್ಷೇಮೇಂದ್ರ ಹನ್ನೊಂದನೆಯ ಶತಮಾನದಲ್ಲಿ ಕಾವ್ಯದ ಜೀವವೇ ಔಚಿತ್ಯ ಎಂದ. ಸೊಂಟದ ಡಾಬನ್ನು ಕೊರಳಿಗೂ ಕೊರಳ ಹಾರವನ್ನು ಸೊಂಟಕ್ಕೂ ಹಾಕಿಕೊಂಡರೆ ನಗೆಪಾಟಲಾಗುತ್ತದೆ ಎಂಬುದು ಅವನು ಕೊಡುವ ನಿದರ್ಶನ. ಅದಕ್ಕೂ ಎರಡು ಶತಮಾನ ಹಿಂದೆ ನಮ್ಮ ಕವಿರಾಜಮಾರ್ಗ, ಓದಿ ಕಲಿಯದ ಕನ್ನಡದ ಜನರಿಗೂ ಕಾವ್ಯದ ಒಳ್ಳಿತು ಕೆಡುಕು ತಿಳಿಯುತ್ತದೆ ಎಂದು ಹೆಮ್ಮೆಯಿಂದ ಬರೆಯಿತು. ಅತ್ತೆಯ ‘ಒಪ್ಪ’ ಮತ್ತು ಪಂಡಿತರ ‘ಔಚಿತ್ಯ’ ಒಂದೇ ಮನೆಯ ಎರಡು ಬಾಗಿಲು ಎನ್ನುವುದಕ್ಕೆ ನನಗೆ ಸಂಕೋಚವಿಲ್ಲ.

ಆದರೆ ಒಪ್ಪ ಇನ್ನೂ ದೂರ ಹೋಗುತ್ತದೆ. ಒಪ್ಪುವುದು ಎಂದರೆ ಹೊಂದುವುದು, ಹೊಳೆಯುವುದು, ಸಮ್ಮತಿಸುವುದು. ಒಪ್ಪಿಗೆ, ಒಪ್ಪಂದ ಎರಡೂ ಅದರ ಮಕ್ಕಳು. ಹಳೇ ಮೈಸೂರಿನ ಕಡೆ ಹೆಣಕ್ಕೆ ಸಂಸ್ಕಾರ ಮಾಡುವುದನ್ನೂ ‘ಒಪ್ಪ ಮಾಡುವುದು’ ಎನ್ನುತ್ತಾರೆ. ಮಾವ ತೀರಿಕೊಂಡಾಗ ಅವರೇ ನೇಯ್ದು ಎತ್ತಿಟ್ಟಿದ್ದ ಪಂಚೆಯನ್ನು ಹೊದಿಸಿದೆವು. ಆ ದಿನ ಅತ್ತೆ ಅಳುವಿನ ನಡುವೆಯೇ ಬಾಗಿ ಪಂಚೆಯ ಅಂಚನ್ನು ನೇರ ಮಾಡಿದರು. ಚೆಲುವು ಎಂಬುದು ಬದುಕಿನ ಮೇಲ್ಪದರದ ಸಂಗತಿ, ಹೊಟ್ಟೆ ತುಂಬಿದವರ ವಿಚಾರ ಎಂದು ಯಾರಾದರೂ ಹೇಳಿದಾಗ ನನಗೆ ಆ ಕೈ ಕಣ್ಣ ಮುಂದೆ ಬರುತ್ತದೆ.

ಚೆಲುವಿನ ಈ ವಿಚಾರ ಈ ಸೀಮೆಗೆ ಹೊಸದಲ್ಲ. ಧರ್ಮಪುರಿಯ ಹಳೆಯ ಹೆಸರು ತಗಡೂರು. ಸಂಗಂ ಕಾಲದಲ್ಲಿ ಅಲ್ಲಿ ಆಳಿದವನು ಅದಿಯಮಾನ್ ನೆಡುಮಾನ್ ಅಂಜಿ. ಅವನು ಕವಯಿತ್ರಿ ಅವ್ವೈಗೆ ಕೊಟ್ಟ ನೆಲ್ಲಿಕಾಯಿಯ ಕಥೆ ತಮಿಳುನಾಡಿನ ಮಕ್ಕಳಿಗೆಲ್ಲ ಗೊತ್ತು. ನನಗೆ ಅದಕ್ಕಿಂತ ದೊಡ್ಡದಾಗಿ ಕಾಣುವುದು ಸಂಗಂ ಪದ್ಯಗಳ ಸಂಕಲನ ಪುರನಾನೂರಿನ ಇನ್ನೊಂದು ಪ್ರಸಂಗ. ಅದಿಯಮಾನನ ದೂತಳಾಗಿ ಅವ್ವೈ ಕಂಚಿಯ ತೊಂಡೈಮಾನನ ಬಳಿಗೆ ಹೋಗುತ್ತಾಳೆ. ಆತ ತನ್ನ ಆಯುಧಶಾಲೆಯನ್ನು ತೋರಿಸುತ್ತಾನೆ. ಈಟಿಗಳಿಗೆ ನವಿಲುಗರಿ, ಹೂಮಾಲೆ, ತುಪ್ಪ ಸವರಿದ ಮಿರುಗು. ಅವ್ವೈ ಅವುಗಳ ಅಂದವನ್ನು ಮೆಚ್ಚಿ ಮಾತಾಡಿ, ನಮ್ಮ ದೊರೆಯ ಆಯುಧಗಳಾದರೋ ತುದಿ ಮುರಿದು ಕಮ್ಮಾರನ ಕೊಟ್ಟಿಗೆಯಲ್ಲಿ ಬಿದ್ದಿವೆ ಎನ್ನುತ್ತಾಳೆ. ಹೊಗಳಿಕೆಯ ಮಾತಲ್ಲೇ ಎಚ್ಚರಿಕೆ ಅಡಗಿದೆ, ರಾಜತಂತ್ರದ ದೃಷ್ಟಿಯಿಂದ ಇದನ್ನು ಎಲ್ಲರೂ ಕೊಂಡಾಡುತ್ತಾರೆ. ನಾನು ಇದನ್ನು ಚೆಲುವಿನ ವಿಚಾರವಾಗಿ ಓದುತ್ತೇನೆ. ಬಳಕೆಯಲ್ಲಿ ಸವೆದ ವಸ್ತುವಿಗೂ ಬಳಸದೆ ಹೊಳೆಯುವ ವಸ್ತುವಿಗೂ ನಡುವೆ ಯಾವುದು ಒಪ್ಪ ಎಂದು ಆ ಹೆಂಗಸು ಎರಡು ಸಾವಿರ ವರ್ಷದಷ್ಟು ಹಿಂದೆ ಕೇಳಿದ್ದಾಳೆ. ತಮಿಳಿನಲ್ಲಿ ಚೆಲುವಿಗೆ ‘ಅಳಗು’ ಎನ್ನುತ್ತಾರೆ, ಆ ಳಕಾರ ನಮ್ಮ ಬಾಯಿಯಿಂದ ಹೊರಟುಹೋದ ೞಕಾರ. ಕನ್ನಡದಲ್ಲಿ ಅಲಗು ಎಂದರೆ ಕತ್ತಿಯ ಬಾಯಿ. ದೇವಾಂಗರು ಚೌಡೇಶ್ವರಿಯ ಮುಂದೆ ಅಲಗು ಹಿಡಿದು ಸೇವೆ ಮಾಡುವಾಗ ಎರಡು ಭಾಷೆಯ ಮಕ್ಕಳ ಕಿವಿಗೆ ಎರಡೂ ಪದ ಒಟ್ಟಿಗೇ ಬೀಳುತ್ತವೆ. ಪದಗಳಿಗೆ ನಂಟಿಲ್ಲ. ಆದರೂ ಆ ದಿನ ಬೀದಿಯಲ್ಲಿ ನಿಂತವರಿಗೆ ನಂಟು ಕಾಣುತ್ತದೆ.

ಇದೇ ತಗಡೂರನ್ನು ಮುಂದೆ ಆಳಿದವರಲ್ಲಿ ಕನ್ನಡದ ನೊಳಂಬರೂ ಇದ್ದರು. ಶಕ 815ರ, ಅಂದರೆ ಕ್ರಿ.ಶ. 893ರ ಕನ್ನಡ ಶಾಸನ ಇಲ್ಲಿನ ಬಸದಿಯೊಂದರ ದತ್ತಿಯನ್ನು ಹೇಳುತ್ತದೆ. ಧರ್ಮಪುರಿಯ ಕೋಟೆ ದೇವಸ್ಥಾನಕ್ಕೆ ಹೋದವರು ನೇರವಾಗಿ ತೂಗುಗಂಬದ ಬಳಿ ಹೋಗಿ, ಅದರಡಿ ಕಾಗದ ತೂರಿಸಿ ನೋಡಿ ಬೆರಗಾಗುತ್ತಾರೆ. ಬೆರಗು ಒಳ್ಳೆಯದೇ, ಆದರೆ ಅದು ಒಂದು ಸಲಕ್ಕೆ ತೀರಿಹೋಗುತ್ತದೆ. ಅಲ್ಲಿಂದ ಕಾಮಾಕ್ಷಿ ಗುಡಿಯ ಪಕ್ಕಕ್ಕೆ ಬಂದು ಕೆಳಗೆ ಕೂತು ನೋಡಬೇಕು. ಗುಡಿಯ ಬುಡವನ್ನು ಆನೆಗಳು ಹೊತ್ತಿವೆ. ಸುತ್ತ ಪಟ್ಟಿಕೆಯಲ್ಲಿ ಗೇಣಿನ ಅಳತೆಯ ಕಲ್ಲುಗಳಲ್ಲಿ ರಾಮಾಯಣ ನಡೆಯುತ್ತದೆ. ಪ್ರದಕ್ಷಿಣೆ ಬಂದವನ ಮೊಣಕಾಲಿನ ಎತ್ತರದಲ್ಲಿ ಕಥೆ ಸಾಗುವುದರಿಂದ ಮಕ್ಕಳಿಗೆ ಅದು ದೊಡ್ಡವರಿಗಿಂತ ಚೆನ್ನಾಗಿ ಕಾಣುತ್ತದೆ. ಶಿಲ್ಪಿಗಳಿಗೆ ಇದು ತಿಳಿದಿತ್ತೆಂದೇ ನನ್ನ ನಂಬಿಕೆ. ನೊಳಂಬರ ರಾಜಧಾನಿ ಹೇಮಾವತಿಯ ಕರಿಗಲ್ಲಿನ ಕಂಬಗಳ ಕಥೆಯೂ ಇಲ್ಲಿ ನೆನೆಯುವಂಥದ್ದು. ನೊಳಂಬವಾಡಿಯನ್ನು ಗೆದ್ದ ಚೋಳರು ಆ ಕಂಬಗಳನ್ನು ಕಾವೇರಿ ತೀರದ ತಿರುವೈಯಾರಿನವರೆಗೆ ಒಯ್ದು ತಮ್ಮ ದೇವರ ಅಂಗಳದಲ್ಲಿ ನಿಲ್ಲಿಸಿದರು. ರಾಜ್ಯವನ್ನು ಮುರಿದವರಿಗೆ ಕಂಬವನ್ನು ಮುರಿಯಲು ಮನಸ್ಸು ಬರಲಿಲ್ಲ. ಕನ್ನಡಿಗರು ತಂಜಾವೂರಿಗೆ ಹೋದಾಗ ದೊಡ್ಡ ಗುಡಿಯನ್ನು ನೋಡಿ ಹಿಂತಿರುಗುತ್ತಾರೆ, ತಿರುವೈಯಾರು ಅಲ್ಲಿಂದ ಅರ್ಧ ಗಂಟೆಯ ದಾರಿ.

ಚೆಲುವನ್ನು ಅಳೆಯುವ ಇನ್ನೊಂದು ದೊಡ್ಡ ಶಾಲೆ ದನದ ಸಂತೆ. ಹೊಗೆನಕಲ್ ಹತ್ತಿರ ಕಾವೇರಿಯ ದಡದ ಆಲಂಬಾಡಿಯ ಹೆಸರಿನಲ್ಲಿ ಒಂದು ತಳಿಯೇ ಇದೆ. ಕಡುಬೂದು ಮೈ, ಹಣೆಯಲ್ಲಿ ಬಿಳಿ ಮಚ್ಚೆ, ನಮ್ಮ ಹಳ್ಳಿಕಾರಿನ ದಾಯಾದಿ. ಈರೋಡ್ ಜಿಲ್ಲೆಯ ಬರಗೂರು ಬೆಟ್ಟದಲ್ಲಿ ಕನ್ನಡ ಮಾತಾಡುವ ಲಿಂಗಾಯತರು ಸಾಕಿ ಉಳಿಸಿದ ಬರಗೂರು ತಳಿಗೆ ಕೆಂಪು ಮೈ, ಬಿಳಿ ಮಚ್ಚೆ. ರೈತ ಎತ್ತನ್ನು ಕೊಳ್ಳುವಾಗ ಗೊರಸಿನಿಂದ ಶುರುಮಾಡಿ ಕೊಂಬಿನವರೆಗೆ ನೋಡುತ್ತಾನೆ. ಗೊರಸು ಬಿರಿದಿರಬಾರದು, ಕಾಲು ಕೂಡಿರಬಾರದು, ಗಂಗೆದೊಗಲು ಅತಿಯಾಗಿ ಜೋಲಬಾರದು. ಅವನು ‘ಲಕ್ಷಣ’ ಎನ್ನುವುದರಲ್ಲಿ ಉಳುಮೆಯ ಕಸುವೂ ನಡಿಗೆಯ ಚೆಂದವೂ ಬೇರೆ ಬೇರೆ ಇಲ್ಲ. ಇಷ್ಟರವರೆಗೆ ನಾನು ಅವನ ಶಿಷ್ಯ. ಆದರೆ ಸುಳಿಯ ವಿಚಾರ ಬಂದಾಗ ಲಕ್ಷಣ ದಾರಿ ತಪ್ಪುತ್ತದೆ. ಚೆನ್ನಾಗಿ ಗೇಯುವ ಎತ್ತು ಬೆನ್ನಿನ ಮೇಲಿನ ಒಂದು ಕೂದಲ ಸುಳಿಗಾಗಿ ಅರ್ಧ ಬೆಲೆಗೆ ಕಟುಕನ ಪಾಲಾಗುತ್ತದೆ.

‘ಲಕ್ಷಣ’ ಎಂಬ ಅದೇ ಪದ ಹೆಣ್ಣುಮಕ್ಕಳ ಕಡೆ ತಿರುಗಿದಾಗ ನನಗೆ ಮೈ ಉರಿಯುತ್ತದೆ. ಹೆಣ್ಣು ನೋಡಲು ಬಂದವರು ಮೂಗು, ಬಣ್ಣ, ಜಡೆಯ ಉದ್ದ, ಕೊನೆಗೆ ಹಣೆಯ ಸುಳಿಯನ್ನೂ ನೋಡುತ್ತಿದ್ದ ಕಾಲ ತೀರಿಹೋಗಿದೆ ಎಂದು ಯಾರೂ ಭಾವಿಸಬಾರದು. ಬಣ್ಣ ಕಡಿಮೆ ಎಂದಷ್ಟೂ ವರದಕ್ಷಿಣೆ ಏರಿತು, ವರದಕ್ಷಿಣೆಗೆ ಅಂಜಿದವರಿಗೆ ಹೆಣ್ಣು ಕೂಸೇ ಬೇಡವಾಯಿತು. ಹೆಣ್ಣು ಶಿಶುಗಳನ್ನು ಕೊಲ್ಲುವುದನ್ನು ತಡೆಯಲು ತಮಿಳುನಾಡು ಸರ್ಕಾರ 1992ರಲ್ಲಿ ತೊಟ್ಟಿಲು ಕೂಸು ಯೋಜನೆಯನ್ನು ಮೊದಲು ಆರಂಭಿಸಿದ್ದು ಇದೇ ಸೇಲಂ ಜಿಲ್ಲೆಯಲ್ಲಿ, ಆಗ ನಾಮಕ್ಕಲ್ಲೂ ಅದರೊಳಗಿತ್ತು. ಎಳೆಯ ಏಟಿನಲ್ಲಿ ಕೂದಲಗಲದ ತಪ್ಪನ್ನು ಕಾಣಬಲ್ಲ ಸೀಮೆಯೇ ತೊಟ್ಟಿಲೊಳಗಿನ ಮುಖವನ್ನು ಕಾಣದೆ ಹೋಯಿತು. ಚೆಲುವಿನ ಬಗ್ಗೆ ಬರೆಯುವವರು ಇದನ್ನು ಬದಿಗಿಟ್ಟು ಮುಂದೆ ಹೋದರೆ ಬರೆದದ್ದಕ್ಕೆ ಬೆಲೆಯಿಲ್ಲ. ಮನುಷ್ಯರ ಮೈ ಒಪ್ಪಕ್ಕೆ ಇಡುವ ವಸ್ತುವಲ್ಲ, ಒಪ್ಪಿಗೆ ಕೊಡುವ ಜೀವ.

ಸೌಂದರ್ಯಶಾಸ್ತ್ರಕ್ಕೆ ಇಂಗ್ಲಿಷಿನಲ್ಲಿ ಏಸ್ಥೆಟಿಕ್ಸ್ ಎಂಬ ಹೆಸರು. ಜರ್ಮನಿಯ ಬಾಮ್‌ಗಾರ್ಟನ್ 1735ರಲ್ಲಿ ಅದನ್ನು ಗ್ರೀಕಿನಿಂದ ರೂಪಿಸಿಕೊಂಡ. ಮೂಲ ಅರ್ಥ ಚೆಲುವು ಅಲ್ಲ, ಇಂದ್ರಿಯಗಳ ಅರಿವು. ಅದೇ ಬೇರಿನಿಂದ 1846ರಲ್ಲಿ ಅಮೆರಿಕದ ವೈದ್ಯ ಹೋಮ್ಸ್ ಅನೆಸ್ಥೀಸಿಯ ಎಂಬ ಪದವನ್ನು ಸೂಚಿಸಿದರು. ಕನ್ನಡದಲ್ಲಿ ಅದು ಅರಿವಳಿಕೆ. ಎಷ್ಟು ಸರಿಯಾದ ಪದ! ಅರಿವು ಅಳಿಯುವುದು. ಹಾಗಾದರೆ ಚೆಲುವಿಗೆ ಎದುರಾದದ್ದು ಕುರೂಪವಲ್ಲ, ಜಡ್ಡುಗಟ್ಟುವುದು. ಮಾವ ಗಡುಸಾದ ಅಂಗೈಯನ್ನು ಬಿಟ್ಟು ಕೈಯ ಹಿಂಬದಿಯಿಂದ ಬಟ್ಟೆಯನ್ನು ಸವರುತ್ತಿದ್ದದ್ದರಲ್ಲಿ ಈ ಶಾಸ್ತ್ರವೆಲ್ಲ ಇತ್ತು. ಕಾಂಟ್ 1790ರಲ್ಲಿ ಚೆಲುವಿನ ತೀರ್ಪನ್ನು ಲಾಭ ನಷ್ಟದಿಂದ, ಬಯಕೆಯಿಂದ ಬಿಡಿಸಿ ನಿಲ್ಲಿಸಿದ. ನಮ್ಮ ತತ್ತ್ವಶಾಸ್ತ್ರಜ್ಞ ಹಿರಿಯಣ್ಣನವರು ರಸಾನುಭವವನ್ನು ವಿವರಿಸುವಾಗ ಸ್ವಾರ್ಥ ಕರಗಿದ ಆ ಗಳಿಗೆಯನ್ನೇ ಎತ್ತಿ ಹಿಡಿದರು. ಅದನ್ನು ನಾನು ಒಪ್ಪುತ್ತೇನೆ. ಆದರೆ ಕರಗಬೇಕಾದದ್ದು ಸ್ವಾರ್ಥ, ಬಳಕೆಯಲ್ಲ. ಉಡಲಾಗದ ಪಂಚೆಯನ್ನು ಮಾವ ಚೆಂದ ಎನ್ನುತ್ತಿರಲಿಲ್ಲ.

ಕನ್ನಡದಲ್ಲಿ ಓದಲು ಬಯಸುವವರಿಗೆ ಜಿ.ಎಸ್. ಶಿವರುದ್ರಪ್ಪನವರ ‘ಸೌಂದರ್ಯ ಸಮೀಕ್ಷೆ’ ಇದೆ, ತೀ.ನಂ.ಶ್ರೀ. ಅವರ ‘ಭಾರತೀಯ ಕಾವ್ಯಮೀಮಾಂಸೆ’ ಇದೆ. ಕಾವ್ಯದ ಚೆಲುವಿಗೆ ನಮ್ಮಲ್ಲಿ ದೊಡ್ಡ ಗ್ರಂಥಗಳಿವೆ. ಮಗ್ಗದ, ನೇಗಿಲಿನ, ಒಲೆಯ, ಅಂಗಳದ ಚೆಲುವಿಗೆ ಇರುವುದು ಬಾಯಿಮಾತು ಮಾತ್ರ. ಗಡಿಯಾಚೆಯ ಕನ್ನಡದ ಮನೆಗಳಲ್ಲಿ ಅದೂ ಸವೆಯುತ್ತಿದೆ. ಸೇಲಂನಲ್ಲಿ 1960ರಲ್ಲಿ ಶುರುವಾದ ಕೈಮಗ್ಗ ತಂತ್ರಜ್ಞಾನ ಸಂಸ್ಥೆ ಇದೆ, ಅಲ್ಲಿ ಕಲಿತ ಮಕ್ಕಳಿಗೆ ನೇಯ್ಗೆಯ ಲೆಕ್ಕ ಚೆನ್ನಾಗಿ ಬರುತ್ತದೆ. ಆದರೆ ಏಟು ಹಗುರಾದ ಜಾಗಕ್ಕೆ ಅವರ ಅಜ್ಜ ಕನ್ನಡದಲ್ಲಿ ಏನೆನ್ನುತ್ತಿದ್ದ ಎಂಬುದನ್ನು ಯಾವ ಸಂಸ್ಥೆಯೂ ಕಲಿಸಲಾರದು. ಮಾವನ ಬಾಯಲ್ಲಿ ಅದಕ್ಕೊಂದು ಪದ ಇತ್ತು. ನಾನು ಬರೆದುಕೊಳ್ಳಲಿಲ್ಲ. ಅತ್ತೆಗೂ ಈಗ ನೆನಪಿಲ್ಲ.

ನಿಮ್ಮ ಮನೆಯಲ್ಲಿ ನೇಯುವವರು, ಉಳುವವರು, ಕಲ್ಲು ಕಡೆಯುವವರು, ಬಡಿಗೆಲಸದವರು, ಎಪ್ಪತ್ತು ದಾಟಿದ ಅಡುಗೆಯ ಕೈ ಯಾವುದಾದರೂ ಇದ್ದರೆ, ಈ ಭಾನುವಾರವೇ ಹತ್ತಿರ ಕೂತು ಕೇಳಿ: ಚೆನ್ನಾಗಿ ಆದದ್ದಕ್ಕೆ ನೀವು ಏನಂತೀರಿ, ಕೆಟ್ಟದ್ದಕ್ಕೆ ಏನಂತೀರಿ? ಹೇಳಿದ ಪದವನ್ನು ಹೇಳಿದ ಹಾಗೆಯೇ ಬರೆದಿಡಿ. ಕನ್ನಡ ಲಿಪಿ ಬಾರದಿದ್ದರೆ ತಮಿಳು ಲಿಪಿಯಲ್ಲಿ ಬರೆದರೂ ಸಾಕು.